ಅಳಿಸುವ ಸರದಿ

ರಾತ್ರಿ ಹನ್ನೊಂದೂವರೆ. ಹಳಿಯಾಳದ ಆ ಓಣಿಯಲ್ಲಿ ನಾಯಿಗಳೂ ಬೊಗಳಿ ಬೊಗಳಿ ಸುಸ್ತಾಗಿ ಮಲಗಿರುವ ಹೊತ್ತು. ಒಂದು ಮನೆಯ ಮೂಲೆಯ ಕೋಣೆಯಿಂದ ‘ಟಿಣ್’ ಎಂದು ಸದ್ದಾಗುತ್ತದೆ. ಒಳಕೋಣೆಯಲ್ಲಿ ಮಲಗಿದ ಹೆಂಡತಿಗೆ ಆ ಸದ್ದು ಕುಕ್ಕರಿನ ಸೀಟಿಯಷ್ಟೇ ಪರಿಚಿತ.

“ಏನು ಬಂತು?” ಎಂದು ನಿದ್ದೆಗಣ್ಣಿನಲ್ಲೇ ಕೇಳುತ್ತಾಳೆ.

“ಸಾಧನೆ.”

“ಎಷ್ಟನೆಯದು?”

“ಎಪ್ಪತ್ತೊಂದು.”

“ನಾಳೆ ಬೆಳಿಗ್ಗೆ ಗಿರಣಿಗೆ ಹೋಗಿ ಗೋಧಿ ಬೀಸಿಕೊಂಡು ಬಂದರೆ ಎಪ್ಪತ್ತೆರಡು. ಡಬ್ಬಿ ಬಾಗಿಲ ಹತ್ತಿರವೇ ಇದೆ.”

ಆತನ ವಯಸ್ಸು ಮೂವತ್ತೇಳು. ಒಂದು ಸಹಕಾರಿ ಸಂಘದಲ್ಲಿ ಗುಮಾಸ್ತ. ಹಗಲೆಲ್ಲ ಊರವರ ಸಾಲ, ಬಡ್ಡಿ, ಬಾಕಿಗಳ ಲೆಕ್ಕ. ರಾತ್ರಿ ಮಕ್ಕಳು ಮಲಗಿದ ಮೇಲೆ ಇನ್ನೊಂದು ಲೆಕ್ಕ. ಕಂಪ್ಯೂಟರಿನಲ್ಲಿ ಆತ ಆಡುವುದು ಇಂದಿನ ಆಟಗಳನ್ನಲ್ಲ. ಇಪ್ಪತ್ತೈದು ಮೂವತ್ತು ವರ್ಷಗಳ ಹಿಂದಿನ ಯಂತ್ರಗಳಿಗೆ ಬಂದ, ಚೌಕ ಚೌಕ ಚುಕ್ಕಿಗಳ ಚಿತ್ರವಿರುವ ಹಳೆಯ ಆಟಗಳನ್ನು. ಅದರಲ್ಲೂ ಪೋಕೆಮಾನ್ ಸರಣಿಯೆಂದರೆ ಊಟ ನಿದ್ದೆ ಬೇಡ.

ಆಟದಲ್ಲಿ ಗೆಲುವು ಸೋಲು ಸರಿ, ಈ ‘ಸಾಧನೆ’ ಎಂದರೇನು ಎಂದು ಯಾರಾದರೂ ಕೇಳಬಹುದು. ಮಾರಮ್ಮನ ಜಾತ್ರೆಯ ಕುಸ್ತಿಯಲ್ಲಿ ಗೆದ್ದವನಿಗೆ ಬೆಳ್ಳಿ ಕಡಗ ಕೊಡುವುದಿಲ್ಲವೇ, ಅಂಥದ್ದೇ ಒಂದು ಗುರುತು. 1980ರ ದಶಕದ ಮೊದಲಲ್ಲಿ ಅಮೆರಿಕದ ಆಕ್ಟಿವಿಷನ್ ಕಂಪನಿ ‘ಪಿಟ್‌ಫಾಲ್’ ಎಂಬ ಆಟದಲ್ಲಿ 20,000 ಅಂಕ ಗಳಿಸಿದವರಿಗೆ ಬಟ್ಟೆಯ ಬಿಲ್ಲೆ ಕಳಿಸುತ್ತಿತ್ತು. ಟಿವಿ ಪರದೆಯ ಫೋಟೋ ತೆಗೆದು ಅಂಚೆಗೆ ಹಾಕಬೇಕು, ಅಷ್ಟೇ. 2005ರಲ್ಲಿ ಎಕ್ಸ್‌ಬಾಕ್ಸ್ 360 ಬಂದಾಗ ಈ ಗುರುತು ಯಂತ್ರದೊಳಗೇ ಸೇರಿಕೊಂಡಿತು. 2008ರಲ್ಲಿ ಪ್ಲೇಸ್ಟೇಷನ್ 3 ಅದನ್ನೇ ‘ಟ್ರೋಫಿ’ ಎಂದು ಕರೆಯಿತು. ಆಮೇಲೆ ಹಳೆಯ ಆಟಗಳ ಅಭಿಮಾನಿಗಳು ತಾವೇ ಕುಳಿತು, ಸತ್ತುಹೋದ ಯಂತ್ರಗಳ ಒಂದೊಂದು ಆಟಕ್ಕೂ ಇಂಥ ಸಾಧನೆಗಳ ಪಟ್ಟಿ ಕಟ್ಟಿದರು. ಮೊದಲ ಪದಕ ಗೆದ್ದರೆ ಇಷ್ಟು ಅಂಕ, ಒಂದೂ ಪೆಟ್ಟು ತಿನ್ನದೆ ಗೆದ್ದರೆ ಇಷ್ಟು ಅಂಕ. ಕಂಪ್ಯೂಟರಿನಲ್ಲಿ ಬೇಕಾದಲ್ಲಿ ನಿಲ್ಲಿಸಿ, ಸೋತರೆ ಅದೇ ಗಳಿಗೆಗೆ ಹಿಂದಿರುಗುವ ಸೌಲಭ್ಯವಿದೆ. ಆದರೆ ಪೂರ್ತಿ ಮರ್ಯಾದೆ ಬೇಕೆಂದರೆ ಅದನ್ನು ಮುಟ್ಟುವಂತಿಲ್ಲ. ಅಂದಿನ ಹುಡುಗರು ಪಟ್ಟ ಕಷ್ಟವನ್ನು ಅಂದಿನಂತೆಯೇ ಪಡಬೇಕು.

ಇವು ಪಾತ್ರಧಾರಿ ಆಟಗಳು. ಯಕ್ಷಗಾನದಲ್ಲಿ ಬಣ್ಣ ಹಚ್ಚಿಕೊಂಡವನು ಬೆಳಗಿನವರೆಗೆ ತನ್ನ ಹೆಸರು ಮರೆಯುವ ಹಾಗೆ, ಇಲ್ಲಿ ಆಡುವವನು ಒಂದು ಪಾತ್ರವಾಗಿ ಊರೂರು ಅಲೆಯುತ್ತಾನೆ, ಬಲ ಗಳಿಸುತ್ತಾನೆ. ಒಂದೇ ಕೂತಲ್ಲಿ ಮುಗಿಯುವ ಕಥೆಯಲ್ಲ. ಹಾಗಾಗಿ ಆಡಿದ್ದನ್ನು ಕಾಪಾಡುವುದೇ ಒಂದು ದೊಡ್ಡ ಕಷ್ಟವಾಗಿತ್ತು. 1986ರಲ್ಲಿ ಜಪಾನಿನಲ್ಲಿ ಬಂದ ಮೊದಲ ‘ಡ್ರ್ಯಾಗನ್ ಕ್ವೆಸ್ಟ್’ನಲ್ಲಿ ಆಟ ನಿಲ್ಲಿಸುವಾಗ ಪರದೆಯ ಮೇಲೆ 20 ಅಕ್ಷರಗಳ ಒಂದು ಮಂತ್ರ ಮೂಡುತ್ತಿತ್ತು. ಅದನ್ನು ಕಾಗದದಲ್ಲಿ ಬರೆದಿಟ್ಟುಕೊಂಡು ಮರುದಿನ ಒಪ್ಪಿಸಬೇಕು. ಒಂದಕ್ಷರ ತಪ್ಪಿದರೆ ನಿನ್ನೆಯ ದಿನವೇ ಇಲ್ಲ. 1996ರ ಫೆಬ್ರವರಿ 27ರಂದು ಪೋಕೆಮಾನ್ ಬರುವ ಹೊತ್ತಿಗೆ ಮಂತ್ರ ಹೋಗಿ ಆಟದ ಕ್ಯಾಸೆಟ್ಟಿನೊಳಗೇ ನಾಣ್ಯದಂಥ ಒಂದು ಬ್ಯಾಟರಿ ಬಂದಿತ್ತು. ಅದು ಉಸಿರು ಹಿಡಿದಿರುವಷ್ಟು ದಿನ ನೆನಪು ಉಳಿಯುತ್ತದೆ.

ಆತನ ಕಪಾಟಿನ ಮೇಲಿನ ಅರೆಯಲ್ಲಿ, ಮದುವೆಯ ಆಲ್ಬಮ್ಮಿನ ಹಿಂದೆ, ಅಂಥದೊಂದು ಕೆಂಪು ಕ್ಯಾಸೆಟ್ಟು ಇದೆ. ಅದರೊಳಗೊಂದು ಪ್ರಮಾಣಪತ್ರವೂ ಇದೆ. ಎಪ್ಪತ್ತೊಂದು ಸಾಧನೆಗಳನ್ನು ಹೆಂಡತಿಗೆ ಹೇಳಿದವನು ಅದೊಂದನ್ನು ಹೇಳಿರಲಿಲ್ಲ.

ಆತ ಹುಟ್ಟಿ ಬೆಳೆದದ್ದು ದಾಂಡೇಲಿಯಲ್ಲಿ. ತಂದೆ ಕಾಗದದ ಕಾರ್ಖಾನೆಯಲ್ಲಿ ಪಾಳಿಯ ಕೆಲಸಗಾರ. ಬಿದಿರು ಬೇಯುವ ವಾಸನೆ ಬಂದರೆ ನೆಂಟರು ಮೂಗು ಮುಚ್ಚಿಕೊಳ್ಳುತ್ತಿದ್ದರು. ಊರವರಿಗೆ ಅದು ಬಾರದಿದ್ದ ದಿನ ಗಾಬರಿ, ಕಾರ್ಖಾನೆ ನಿಂತಿತೋ ಏನೋ ಎಂದು. 2000ದಲ್ಲಿ ಮಸ್ಕತ್ತಿನಿಂದ ಬಂದ ಸೋದರಮಾವ ಒಂದು ಗೇಮ್ ಬಾಯ್ ಕಲರ್ ಯಂತ್ರವನ್ನೂ ಕೆಂಪು ಕ್ಯಾಸೆಟ್ಟನ್ನೂ ಕೈಗಿಟ್ಟ. ಅಂಗೈಯಗಲದ ಪೆಟ್ಟಿಗೆ, ಎರಡು ಪೆನ್ಸಿಲ್ ಸೆಲ್ಲು. ಪರದೆಗೆ ಸ್ವಂತ ಬೆಳಕಿಲ್ಲ. ಬಿಸಿಲಿಗೆ ಹಿಡಿದರೆ ಕಂಡೀತು, ಸಂಜೆಯಾದರೆ ಬೀದಿದೀಪದ ಕೆಳಗೆ ಓಡಬೇಕು.

ಬೇಸಿಗೆ ರಜೆಗೆ ಜೋಯಿಡಾದ ಅಜ್ಜಿಯ ಮನೆ. ಅಜ್ಜಿ ಹಳೆಯ ಸೂಪಾದವಳು. ಸೂಪಾ ಪೇಟೆ ಕಾಳಿ ನದಿಯ ಅಣೆಕಟ್ಟಿನ ನೀರಿನಡಿ ಹೋದದ್ದು 1980ರ ದಶಕದಲ್ಲಿ. ಗಣೇಶಗುಡಿಯಲ್ಲಿ 101 ಮೀಟರ್ ಎತ್ತರದ ಗೋಡೆ ನಿಂತು, ಅದರ ಬುಡದಲ್ಲೇ 100 ಮೆಗಾವಾಟ್ ವಿದ್ಯುತ್ತು ಹುಟ್ಟತೊಡಗಿತು. ಆದರೂ ಅಜ್ಜಿಯ ಮನೆಯಲ್ಲಿ ಮಳೆಗೊಮ್ಮೆ ಗಾಳಿಗೊಮ್ಮೆ ಕರೆಂಟು ಹೋಗುತ್ತಿತ್ತು. ದೀಪದ ಬುಡದಲ್ಲಿ ಕತ್ತಲೆ ಎಂದು ಹಿರಿಯರು ಸುಮ್ಮನೆ ಹೇಳಿದ್ದಲ್ಲ.

“ಏನದು, ದಿನವಿಡೀ ಒತ್ತುತ್ತೀ?” ಎಂದು ಅಜ್ಜಿ ಕೇಳಿದಳು.

“ಹುಳ ಹಿಡಿಯುವುದು ಅಜ್ಜಿ. ಒಟ್ಟು 150 ಇವೆ.”

ಅಜ್ಜಿಗೆ ಅದು ತಕ್ಷಣ ಅರ್ಥವಾಯಿತು. ಬಂಗಾರದ ಹುಳವನ್ನು ಬೆಂಕಿಪೊಟ್ಟಣದಲ್ಲಿಟ್ಟು ಸೊಪ್ಪು ಹಾಕಿ ಸಾಕದ ಮಕ್ಕಳು ಆ ಸೀಮೆಯಲ್ಲಿ ಯಾರಿದ್ದಾರೆ! ಮೊಮ್ಮಗನ ಮಾತು ನಿಜವೂ ಆಗಿತ್ತು. ಆ ಆಟವನ್ನು ಕಲ್ಪಿಸಿದ ಸತೋಶಿ ತಾಜಿರಿ ಚಿಕ್ಕಂದಿನಲ್ಲಿ ಹುಳ ಹಿಡಿಯುವ ಹುಚ್ಚಿನವನು. ತಮ್ಮೂರಿನ ಹೊಲ ಕೆರೆಗಳೆಲ್ಲ ಕಟ್ಟಡಗಳಾದ ಮೇಲೆ ಮಕ್ಕಳಿಗೆ ಆ ಸುಖ ತಪ್ಪಿತೆಂದು ಈ ಆಟ ಹೂಡಿದ. ಎರಡು ಗೇಮ್ ಬಾಯ್‌ಗಳ ನಡುವಿನ ತಂತಿಯನ್ನು ನೋಡಿದಾಗ ಅವನಿಗೆ ಅದರ ಮೇಲೆ ಹುಳ ಹರಿದು ಅತ್ತಿಂದಿತ್ತ ಹೋಗುವಂತೆ ತೋರಿತಂತೆ. ಅಲ್ಲಿಯತನಕ ಆ ತಂತಿ ಹೆಚ್ಚಾಗಿ ಜಗಳವಾಡಲು ಇತ್ತು. ಅವನು ಅದನ್ನು ಕೊಡು ಕೊಳ್ಳಲು ಬಳಸಿದ.

ಅಲ್ಲೇ ಇರುವುದು ಗಂಟು. ಆಟ ಕೆಂಪು, ನೀಲಿ ಎಂದು ಎರಡು ಬಗೆಯಲ್ಲಿ ಬರುತ್ತಿತ್ತು. ಕೆಂಪಿನಲ್ಲಿ ಸಿಗುವ ಕೆಲವು ಪ್ರಾಣಿ ನೀಲಿಯಲ್ಲಿಲ್ಲ, ನೀಲಿಯವು ಕೆಂಪಿನಲ್ಲಿಲ್ಲ. ಹಾಂಟರ್ ಎಂಬ ದೆವ್ವ ಗೆಂಗಾರ್ ಆಗಿ ಬಲಿಯಬೇಕೆಂದರೆ ತಂತಿ ದಾಟಿ ಇನ್ನೊಬ್ಬರ ಯಂತ್ರಕ್ಕೆ ಹೋಗಲೇಬೇಕು. ಕೂಡಿಟ್ಟವನಿಗೆ ಎಷ್ಟು ವರ್ಷ ಕಾದರೂ ಅದು ಬಲಿಯುವುದಿಲ್ಲ. ದಾಂಡೇಲಿಯ ಹುಡುಗನ ಲೆಕ್ಕ ನೂರರ ಆಚೆ ಎಲ್ಲೋ ನಿಂತುಹೋಯಿತು. ಇಡೀ ಊರಿನಲ್ಲಿ ಗೇಮ್ ಬಾಯ್ ಇದ್ದದ್ದು ಅವನೊಬ್ಬನ ಬಳಿ. ಮೊದಲು ಹೆಮ್ಮೆ ಎನಿಸಿದ್ದು ಈಗ ಶಾಪವಾಯಿತು.

2001ರ ಚಳಿಗಾಲ. ಮುಂಡಗೋಡದ ಟಿಬೆಟಿಯನ್ನರು ಪ್ರತಿವರ್ಷ ಚಳಿ ಬೀಳುತ್ತಲೇ ಸ್ವೆಟರಿನ ಗಂಟು ಹೊತ್ತು ಊರೂರಿಗೆ ಹೊರಡುತ್ತಾರೆ. ಆ ವರ್ಷ ದಾಂಡೇಲಿಯ ಪೇಟೆಬೀದಿಯಲ್ಲಿ ಅಂಗಡಿ ಹೂಡಿದ ಒಬ್ಬ ತಾಯಿಯ ಜೊತೆ ಅವಳ ಮಗನೂ ಭಾನುವಾರಕ್ಕೊಮ್ಮೆ ಬರುತ್ತಿದ್ದ. ಸ್ವೆಟರ್ ಕೊಳ್ಳಲು ಅಮ್ಮನ ಜೊತೆ ಹೋದ ದಾಂಡೇಲಿಯ ಹುಡುಗ ಸ್ವೆಟರನ್ನು ನೋಡಲೇ ಇಲ್ಲ. ರಾಶಿಯ ಹಿಂದೆ ಕುಳಿತ ಆ ಹುಡುಗನ ಕೈಯಲ್ಲಿ ಗೇಮ್ ಬಾಯ್ ಇತ್ತು. ಅದರೊಳಗೆ ನೀಲಿ ಕ್ಯಾಸೆಟ್ಟು!

ಸ್ವಿಟ್ಜರ್ಲೆಂಡಿನ ಅತ್ತೆ ಕಳಿಸಿದ್ದು ಅದು. 1960ರ ದಶಕದಿಂದಲೇ ಟಿಬೆಟಿಯನ್ನರಿಗೆ ನೆಲೆ ಕೊಟ್ಟ ದೇಶವದು. ಮುಂಡಗೋಡದ ವಸಾಹತು ಆರಂಭವಾದದ್ದು 1966ರಲ್ಲಿ. ಅಲ್ಲಿನ ಎಷ್ಟೋ ಮನೆಗಳಲ್ಲಿ ಒಂದು ಕಾಲು ಜೋಳದ ಹೊಲದಲ್ಲಿ, ಇನ್ನೊಂದು ಕಾಲು ಪರದೇಶದಲ್ಲಿ. ಅತ್ತೆಯ ಕ್ಯಾಸೆಟ್ಟಿನಲ್ಲಿ ಒಂದೇ ತೊಡಕು, ಅದು ಜರ್ಮನ್ ಭಾಷೆಯದು. ಬುಲ್ಬಸಾರ್ ಅಲ್ಲಿ ‘ಬಿಸಾಸಮ್’, ಸ್ಕ್ವರ್ಟಲ್ ‘ಶಿಗ್ಗಿ’. ಮುಂಡಗೋಡದ ಹುಡುಗ ಒಂದಕ್ಷರ ಅರ್ಥವಾಗದೆ, ಕತ್ತಲೆಯಲ್ಲಿ ಗೋಡೆ ತಡವಿಕೊಂಡು ನಡೆಯುವವನಂತೆ ಆಡುತ್ತಿದ್ದ. ಆಟದಲ್ಲಿ ಹೆಸರಿಗೆ ಏಳೇ ಅಕ್ಷರ ಜಾಗ. ಅವನ ಹೆಸರಿಗೆ ಇಂಗ್ಲಿಷಿನಲ್ಲಿ ಎಂಟಕ್ಷರ. ಕೊನೆಯ ಅಕ್ಷರ ಬಿದ್ದುಹೋಗಿತ್ತು.

ಹರಕು ಹಿಂದಿ, ಮುರುಕು ಕನ್ನಡದಲ್ಲಿ ಒಪ್ಪಂದವಾಯಿತು. ಚಳಿ ಮುಗಿದು ಅಂಗಡಿ ಎತ್ತಿದ ಮೇಲೆ ಇಬ್ಬರೂ ಸೇರುತ್ತಿದ್ದುದು ನಡುವಿನ ಹಳಿಯಾಳದಲ್ಲಿ. ಇವನು ದಾಂಡೇಲಿಯ ಬಸ್ಸಿನಲ್ಲಿ, ಅವನು ಮುಂಡಗೋಡದಿಂದ ಬಸ್ಸು ಬದಲಾಯಿಸಿಕೊಂಡು. ನಿಲ್ದಾಣದ ಸಿಮೆಂಟ್ ಬೆಂಚಿನ ಮೇಲೆ ಕುಳಿತು ತಂತಿ ಜೋಡಿಸಿದರೆ, ಪರದೆಯೊಳಗಿನ ಇಬ್ಬರು ಪುಟಾಣಿಗಳೂ ಒಂದು ಮೇಜಿನ ಆಚೀಚೆ ಎದುರುಬದುರಾಗಿ ಕೂರುತ್ತಿದ್ದರು. ಪ್ರಾಣಿ ದಾಟುತ್ತಿರುವಾಗ ತಂತಿ ಕದಲಬಾರದು. ಅದೇ ಹೊತ್ತಿಗೆ ಕಂಡಕ್ಟರು ಸೀಟಿ ಊದುತ್ತಿದ್ದ. “ಒಂದು ನಿಮಿಷ ಮಾಮಾ!” ಎಂದು ಇಬ್ಬರೂ ಕೂಗುವುದು, ಅವನು ಬೈಯುತ್ತಲೇ ಬಸ್ಸು ನಿಲ್ಲಿಸಿಕೊಂಡಿರುವುದು ಪ್ರತಿ ಭಾನುವಾರದ ಕಥೆ. ಜರ್ಮನ್ ಯಂತ್ರದಿಂದ ಬಂದವು ತಮ್ಮ ಜರ್ಮನ್ ಹೆಸರಿನಲ್ಲೇ ಉಳಿಯುತ್ತಿದ್ದವು. ಜೊತೆಗೆ ಒಂದೊಂದರ ಜಾತಕದಲ್ಲೂ ಮೊದಲು ಹಿಡಿದವನ ಹೆಸರು, ಆ ಏಳಕ್ಷರ, ಅಚ್ಚಾಗಿರುತ್ತಿತ್ತು. ಯಾರ ಕೈಗೆ ಹೋದರೂ ಅದು ಅಳಿಯುವುದಿಲ್ಲ.

ಲೆಕ್ಕ ಏರಿತು. ಆದರೆ ಎರಡು ಕ್ಯಾಸೆಟ್ಟು ಕೂಡಿದರೂ 150 ಆಗುವುದಿಲ್ಲ ಎಂಬುದು ಒಂದು ಭಾನುವಾರ ಬೆಂಚಿನ ಮೇಲೆ ಬೆರಳು ಮಡಚಿ ಎಣಿಸಿದಾಗ ಗೊತ್ತಾಯಿತು. ಆಟದ ಆರಂಭದಲ್ಲಿ ಮೂರು ಮರಿಗಳ ಪೈಕಿ ಒಂದನ್ನು ಮಾತ್ರ ಕೊಡುತ್ತಾರೆ. ಇವನದು ಚಾರ್ಮ್ಯಾಂಡರ್, ಅವನು ಕೊಟ್ಟದ್ದು ಶಿಗ್ಗಿ. ಮೂರನೆಯ ಬುಲ್ಬಸಾರ್ ಎಲ್ಲಿಂದ ತರುವುದು? ಈವೀ ಎಂಬ ನರಿಮರಿ ಮೂರು ರೂಪ ತಾಳುತ್ತದೆ. ಆದರೆ ಒಂದು ಆಟಕ್ಕೆ ಒಂದೇ ಈವೀ. ಅಂದರೆ ಮೂರು ಆಟ ಬೇಕು, ಇರುವುದು ಎರಡು ಕ್ಯಾಸೆಟ್ಟು. ಇಬ್ಬರಲ್ಲಿ ಒಬ್ಬ ತನ್ನ ಆಟವನ್ನು ಪೂರ್ತಿ ಅಳಿಸಿ ಮೊದಲಿನಿಂದ ಶುರು ಮಾಡಬೇಕು. ಬೇರೆ ದಾರಿಯಿಲ್ಲ.

ಬೆಂಚಿನ ಮೇಲೆ ಸ್ವಲ್ಪ ಹೊತ್ತು ಯಾರೂ ಮಾತಾಡಲಿಲ್ಲ.

“ನಾನು ಅಳಿಸ್ತೀನಿ,” ಎಂದ ಮುಂಡಗೋಡದ ಹುಡುಗ. “ನಿನ್ನದು ಮುಗಿದ ಮೇಲೆ ನನಗೋಸ್ಕರ ನೀನು ಅಳಿಸು.”

“ಆಯ್ತು,” ಎಂದ ದಾಂಡೇಲಿಯ ಹುಡುಗ. ಅದನ್ನು ಹೇಳಲು ಅವನಿಗೆ ಒಂದು ಕ್ಷಣವೂ ಹಿಡಿಯಲಿಲ್ಲ.

ಅಳಿಸುವ ಮೊದಲು ಅವನ ಒಳ್ಳೊಳ್ಳೆಯ ಪ್ರಾಣಿಗಳನ್ನೆಲ್ಲ ಇವನ ಕ್ಯಾಸೆಟ್ಟಿಗೆ ಸಾಗಿಸಿದರು. ಒಂದಕ್ಕೆ ಒಂದು ಕೊಡಲೇಬೇಕಾದ್ದರಿಂದ ಆ ಕಡೆಗೆ ಇಲಿ, ಗುಬ್ಬಿಗಳು ಹೋದವು. ಆಮೇಲೆ ಅವನು ‘ಹೊಸ ಆಟ’ ಒತ್ತಿದ. ತಿಂಗಳುಗಟ್ಟಲೆ ಭಾಷೆ ತಿಳಿಯದೆ ತಡವರಿಸಿ ಗೆದ್ದ ಪದಕಗಳು ಇಲ್ಲವಾದವು. ಬುಲ್ಬಸಾರ್, ಅಲ್ಲಲ್ಲ, ಬಿಸಾಸಮ್ ತಂತಿಯ ಮೇಲೆ ಹರಿದು ಇವನ ಯಂತ್ರಕ್ಕೆ ಬಂತು. ಈವೀ ಸಿಗುವ ಊರಿನವರೆಗೆ ಅವನು ಮತ್ತೆ ಆಡಬೇಕಿತ್ತು. ಸುಲಭವಾಗಲೆಂದು ಅವನದೇ ಹಳೆಯ ಪ್ರಾಣಿಗಳಲ್ಲಿ ಎರಡನ್ನು ಮರಳಿಸಿ ನೋಡಿದರು. ಅವು ಅವನ ಮಾತು ಕೇಳಲಿಲ್ಲ! ಯಂತ್ರ ಹೆಸರು ನೋಡುವುದಿಲ್ಲ, ಪ್ರತಿ ಹೊಸ ಆಟಕ್ಕೂ ಕೊಡುವ ಗುಪ್ತ ಸಂಖ್ಯೆ ನೋಡುತ್ತದೆ. ಪದಕವಿಲ್ಲದ ಪರಕೀಯನ ಮಾತನ್ನು ಬಲಿತ ಪ್ರಾಣಿ ಕೇಳುವುದಿಲ್ಲ. ತನ್ನ ಹೆಸರು ಹೊತ್ತ ಪ್ರಾಣಿಯೇ ತನಗೆ ಬೆನ್ನು ತಿರುಗಿಸಿ ಮಲಗಿದ್ದನ್ನು ಆ ಹುಡುಗ ನೋಡಿದ, ನಕ್ಕ, ವಾಪಸ್ ಕಳಿಸಿದ. ಇಲಿ ಗುಬ್ಬಿಗಳನ್ನೇ ಕಟ್ಟಿಕೊಂಡು ಹೊರಟ.

2002ರ ಏಪ್ರಿಲ್‌ನಲ್ಲಿ ಕೊನೆಯ ಈವೀ ಬಂತು. ಆಟದೊಳಗೆ ಸೆಲಡಾನ್ ಎಂಬ ಊರಿನಲ್ಲಿ ಒಂದು ಮಹಡಿ ಕಟ್ಟಡವಿದೆ. ಈವೀ ಸಿಗುವುದು ಅದರ ತಾರಸಿಯಲ್ಲಿ. 150 ಮುಗಿಸಿದವರಿಗೆ ಪ್ರಮಾಣಪತ್ರ ಕೊಡುವವನು ಕೂತಿರುವುದೂ ಅದೇ ಕಟ್ಟಡದಲ್ಲಿ. ಹಳಿಯಾಳದ ಬೆಂಚಿನ ಮೇಲೆ ಎರಡು ತಲೆಗಳು ಒಂದೇ ಪರದೆಯ ಮೇಲೆ ಬಗ್ಗಿದವು. ಪ್ರಮಾಣಪತ್ರ ಮೂಡಿತು. ಅದರಲ್ಲಿ ಒಂದೇ ಹೆಸರಿತ್ತು, ದಾಂಡೇಲಿಯ ಹುಡುಗನದು. ಎರಡನೆಯ ಹೆಸರಿಗೆ ಜಾಗವೇ ಇಲ್ಲ.

ಮನೆಯಲ್ಲಿ ತಂದೆಗೆ ತೋರಿಸಿದರೆ, “ಕಾಗದದ ಊರಲ್ಲಿ ಹುಟ್ಟಿ ಕಾಗದವಿಲ್ಲದ ಸರ್ಟಿಫಿಕೇಟು ತಂದೆಯಲ್ಲೋ!” ಎಂದು ನಕ್ಕು ಎರಡನೇ ಪಾಳಿಗೆ ಹೊರಟುಹೋದರು.

ಇನ್ನು ಅಳಿಸುವ ಸರದಿ ಇವನದು.

ಮುಂದಿನ ಭಾನುವಾರ ಹೊಟ್ಟೆನೋವು ಬಂತು. ಅದರ ಮುಂದಿನ ಭಾನುವಾರ ಸೆಲ್ಲು ಮುಗಿದಿತ್ತು. ಆಮೇಲೆ ರಜೆ ಎಂದು ಜೋಯಿಡಾಕ್ಕೆ ಹೋದ. ಅಲ್ಲಿ ಅಜ್ಜಿಯ ಮುಂದೆ ಬಾಯಿಬಿಟ್ಟ. ಪೂರ್ತಿ ಅಳಿಸಬೇಕಂತೆ ಅಜ್ಜಿ, ಏನು ಮಾಡಲಿ?

“ಮುಳುಗಿಸೋದು ಅಂತ ಯಾರಾದರೂ ಹೇಳಿದರೆ ಒಪ್ಪಬೇಡ ಮಗಾ,” ಎಂದಳು ಅಜ್ಜಿ. “ಒಮ್ಮೆ ಹೋದದ್ದು ಬರೋದಿಲ್ಲ.” ಅಜ್ಜಿ ಹೇಳಿದ್ದು ಸೂಪಾದ ಮಾತು. ಮೊಮ್ಮಗ ಅದನ್ನು ತನಗೆ ಬೇಕಾದ ಕಡೆ ತಿರುಗಿಸಿಕೊಂಡ. ಹಿರಿಯರೇ ಬೇಡವೆಂದ ಮೇಲೆ!

ಮುಂಡಗೋಡದ ಹುಡುಗ ಒತ್ತಾಯಿಸಲಿಲ್ಲ. ಮೂರು ನಾಲ್ಕು ಭಾನುವಾರ ಬಂದ. “ಇವತ್ತು?” ಎಂದು ಕೇಳಿದ. “ಮುಂದಿನ ವಾರ,” ಎಂದ ಇವನು. ಮಳೆ ಹಿಡಿಯಿತು, ಶಾಲೆ ಶುರುವಾಯಿತು, ಬೆಂಚು ಖಾಲಿಯಾಯಿತು. 2003ರಲ್ಲಿ ಸ್ವೆಟರ್ ಅಂಗಡಿಯ ತಾಯಿ ಒಬ್ಬಳೇ ಬಂದಳು. ಮಗ ಅತ್ತೆಯ ಬಳಿಗೆ ಸ್ವಿಟ್ಜರ್ಲೆಂಡಿಗೆ ಹೋದನೆಂದು ಹೇಳಿದಳು. ಹೇಳುತ್ತಲೇ ದಾಂಡೇಲಿಯ ಹುಡುಗನ ಕೈಗೆ ಒಂದು ಮಫ್ಲರು ಕೊಟ್ಟಳು. ದುಡ್ಡು ತೆಗೆದುಕೊಳ್ಳಲಿಲ್ಲ.

ಕೊಟ್ಟವನು ಕೋಡಂಗಿ, ಇಸಕೊಂಡವನು ಈರಭದ್ರ ಎಂಬ ಗಾದೆ ಕೇಳಿದಾಗಲೆಲ್ಲ ಆತನಿಗೆ ಆ ಮಫ್ಲರಿನ ಚುಚ್ಚು ನೆನಪಾಗುತ್ತದೆ. ಸಂಘದಲ್ಲಿ ಬಾಕಿದಾರರಿಗೆ ನೋಟಿಸು ಬರೆಯುವಾಗ ‘ಅವಧಿ ಮೀರಿದ’ ಎಂಬ ಮಾತಿಗೆ ಕೈ ತಡೆಯುತ್ತದೆ. ರಾತ್ರಿ ಕೂತು ಗಳಿಸಿದ ಸಾಧನೆಗಳಲ್ಲಿ ಒಂದೊಂದರ ಎದುರೂ ದಿನಾಂಕ, ಗಂಟೆ, ನಿಮಿಷ ದಾಖಲಾಗಿವೆ. ಅವೆಲ್ಲ ಆತನೊಬ್ಬನೇ ದುಡಿದು ತಂದವು. ಯಾರ ಹಂಗೂ ಇಲ್ಲ. ಹಾಗಿದ್ದರೂ ಎಪ್ಪತ್ತೊಂದು ಸೇರಿಸಿದರೂ ಕಪಾಟಿನ ಆ ಒಂದರ ತೂಕಕ್ಕೆ ಬರಲಿಲ್ಲ. ಆ ತೂಕವೂ ಹಿತವಾದದ್ದಲ್ಲ.

ಕ್ಯಾಸೆಟ್ಟಿನ ಬ್ಯಾಟರಿಗೆ ಈಗ ಇಪ್ಪತ್ತೈದು ವರ್ಷ. ಇಂಥವು ಹದಿನೈದು ಇಪ್ಪತ್ತು ವರ್ಷಕ್ಕೇ ಪ್ರಾಣ ಬಿಡುವುದುಂಟು. ಹೊಸತು ಬೆಸುಗೆ ಹಾಕಬಹುದು. ಆದರೆ ಬೇರೆ ಕಡೆಯಿಂದ ವಿದ್ಯುತ್ತು ಕೊಡದೆ ಹಳೆಯದನ್ನು ತೆಗೆದರೆ ಒಳಗಿನದೆಲ್ಲ ಹೋಗುತ್ತದೆ. ಕೈ ನಡುಗಿದರೆ ಮುಗಿಯಿತು. ಹಾಗಾಗಿ ಆತ ಮುಟ್ಟಿರಲಿಲ್ಲ. ಆರು ತಿಂಗಳಿಗೊಮ್ಮೆ ಗುಟ್ಟಾಗಿ ಹಾಕಿ, ‘ಮುಂದುವರಿಸು’ ಎಂಬ ಸಾಲು ಇದೆಯೇ ಎಂದು ನೋಡಿ, ನಿಟ್ಟುಸಿರು ಬಿಟ್ಟು, ಮತ್ತೆ ಆಲ್ಬಮ್ಮಿನ ಹಿಂದೆ ಇಡುತ್ತಿದ್ದ.

2025ರ ಫೆಬ್ರವರಿ ಕೊನೆಯಲ್ಲಿ ಟಿಬೆಟಿಯನ್ನರ ಹೊಸವರ್ಷ, ಲೋಸರ್. ಅದಕ್ಕೆ ಎರಡು ದಿನ ಮುಂಚೆ ಸ್ವೆಟರಿನ ತಾಯಿಯಿಂದ ಫೋನು ಬಂತು. ಮಗ ಬಂದಿದ್ದಾನೆ, ಹೆಂಡತಿ ಮಗಳ ಜೊತೆ. ನೀನೂ ಬಾ.

ಆತ ಎರಡು ಗೇಮ್ ಬಾಯ್, ತಂತಿ, ಪೆನ್ಸಿಲ್ ಸೆಲ್ಲು, ಬೆಸುಗೆ ಕಡ್ಡಿ, ಕಾಲಿದ್ದ ಹೊಸ ನಾಣ್ಯಬ್ಯಾಟರಿ ಎರಡು, ಇಷ್ಟನ್ನು ಚೀಲಕ್ಕೆ ತುಂಬಿದ. “ಹಬ್ಬಕ್ಕೆ ಹೋಗುವವರು ಹಣ್ಣು ಒಯ್ಯುತ್ತಾರೆ,” ಎಂದಳು ಹೆಂಡತಿ. ಆಗ ಎಲ್ಲವನ್ನೂ ಹೇಳಿದ. ಅವಳು ಬಾಳೆಹಣ್ಣಿನ ಒಂದು ಚಿಪ್ಪನ್ನೂ ಚೀಲದೊಳಗಿಟ್ಟಳು. ಬೇರೇನೂ ಅನ್ನಲಿಲ್ಲ.

ಮುಂಡಗೋಡದ ಆ ಕ್ಯಾಂಪಿನಲ್ಲಿ ಬೆಳಗಿನಿಂದ ಗಾದೆನ್, ಡ್ರೆಪುಂಗ್ ಮಠಗಳ ಕಡೆ ಜನ ಹೊಸ ಬಟ್ಟೆಯಲ್ಲಿ ಹೊರಟಿದ್ದರು. ಮನೆಯಲ್ಲಿ ಖಪ್ಸೆಯ ರಾಶಿ, ಬೆಣ್ಣೆ ಚಹಾ. ಗೆಳೆಯನಿಗೆ ಹೊಟ್ಟೆ ಬಂದಿದೆ, ಕನ್ನಡ ಹೋಗಿದೆ. ಹಿಂದಿ ಇನ್ನೂ ಹರಕಾಗಿಯೇ ಉಳಿದಿದೆ. ತಾಯಿ ಕಬ್ಬಿಣದ ಪೆಟ್ಟಿಗೆಯಿಂದ ಒಂದು ಬಿಸ್ಕತ್ತಿನ ಡಬ್ಬಿ ತೆಗೆದಳು. ಅದರಲ್ಲಿ ನೀಲಿ ಕ್ಯಾಸೆಟ್ಟು. ಹಾಕಿ ನೋಡಿದರೆ ‘ಮುಂದುವರಿಸು’ ಇಲ್ಲ. ಬ್ಯಾಟರಿ ಯಾವಾಗಲೋ ಸತ್ತಿತ್ತು.

ಗೆಳೆಯನಿಗೆ ಅದರ ಚಿಂತೆಯಿರಲಿಲ್ಲ. ಮೊದಲ ಪರದೆಯ ಸಾಲುಗಳನ್ನು ಓದುತ್ತಲೇ ಅವನು ಬಿದ್ದು ಬಿದ್ದು ನಕ್ಕ. ಅವನಿಗೆ ಈಗ ಜರ್ಮನ್ ಬರುತ್ತದೆ. “ಇದರಲ್ಲಿ ಹೀಗೆ ಬರೆದಿತ್ತೇ! ನನಗೆ ಇಷ್ಟು ವರ್ಷ ಗೊತ್ತೇ ಇರಲಿಲ್ಲ!”

ಆತ ಕೆಂಪು ಕ್ಯಾಸೆಟ್ಟು ಹಾಕಿ ಪ್ರಮಾಣಪತ್ರ ತೋರಿಸಿದ. ಆಮೇಲೆ ಗಂಟಲು ಸರಿಮಾಡಿಕೊಂಡು ಬಾಕಿಯ ಮಾತು ತೆಗೆದ. ನೀನು ನನಗೋಸ್ಕರ ಅಳಿಸಿದೆ, ನಾನು ಅಳಿಸಲಿಲ್ಲ ಎಂದ.

ಗೆಳೆಯ ಹುಬ್ಬು ಗಂಟಿಕ್ಕಿದ. ಅಂಥ ಮಾತು ಆಗಿತ್ತೆಂಬುದೇ ಅವನಿಗೆ ನೆನಪಿಲ್ಲ. ಕಂಡಕ್ಟರಿನ ಸೀಟಿ ನೆನಪಿದೆ, ಬೆಂಚು ಕಾಯ್ದು ಸುಡುತ್ತಿದ್ದುದು ನೆನಪಿದೆ. “ಅಳಿಸಿದ್ದೂ ನೆನಪಿದೆ,” ಎಂದ. “ಎರಡನೇ ಸಲ ಆಡಿದ್ದೇ ಚೆನ್ನಾಗಿತ್ತು. ಭಾಷೆ ಗೊತ್ತಿಲ್ಲದಿದ್ದರೂ ದಾರಿ ಗೊತ್ತಿತ್ತು.”

ಇಪ್ಪತ್ತೆರಡು ವರ್ಷ ಹೊತ್ತ ಸಾಲವನ್ನು ಕೊಟ್ಟವನೇ ಮರೆತಿದ್ದ. ಬಿಡುಗಡೆಯಾಯಿತೆಂದು ಆತ ಎದ್ದು ಬರಬಹುದಿತ್ತು. ಸಂಘದ ಲೆಕ್ಕದಲ್ಲಾದರೆ ಅಂಥ ಖಾತೆಯನ್ನು ಮುಚ್ಚಿಬಿಡುತ್ತಾರೆ.

ಹತ್ತು ವರ್ಷದ ಮಗಳು ಅಷ್ಟರಲ್ಲಿ ಯಂತ್ರವನ್ನು ತಿರುವಿ ಮುರುವಿ ನೋಡುತ್ತಿದ್ದಳು. ಆತ ಬಾಲ್‌ಪೆನ್ನಿನ ಕೊಳವೆಯನ್ನು ಬೆಂಕಿಗೆ ಹಿಡಿದು ಮೆತ್ತಗೆ ಮಾಡಿ, ಕ್ಯಾಸೆಟ್ಟಿನ ವಿಚಿತ್ರ ತಿರುಪಿನ ಮೇಲೆ ಒತ್ತಿ, ಅದನ್ನೇ ತಿರುಪುಳಿ ಮಾಡಿಕೊಂಡ. ನೀಲಿಗೆ ಹೊಸ ಬ್ಯಾಟರಿ ಬೆಸೆದ. ಹುಡುಗಿ ‘ಹೊಸ ಆಟ’ ಒತ್ತಿದಳು. ಅಪ್ಪನ ಹಾಗೆಯೇ ಶಿಗ್ಗಿಯನ್ನು ಆರಿಸಿಕೊಂಡಳು. ಅವಳು ಸರಸರ ಓದುತ್ತಾ ಹೋದಳು, ಅಪ್ಪ ಪಕ್ಕದಲ್ಲಿ ಕುಳಿತು ದಾರಿ ಹೇಳಿದ. ಒಂದು ಗಂಟೆಯಲ್ಲಿ ವಿನಿಮಯ ಮಾಡುವಷ್ಟು ಮುಂದೆ ಬಂದಳು.

ಆಗ ತಂತಿ ಜೋಡಿಸಿದರು. ಆತ ಗೆಳೆಯನ ಹೆಸರಿದ್ದ ಪ್ರಾಣಿಗಳನ್ನು ಒಂದೊಂದಾಗಿ ಹುಡುಕಿ ಕಳಿಸಿದ. ಬಲಿತು ಬೆಟ್ಟದಂತಾದರೂ ‘ಬಿಸಾಸಮ್’ ಎಂಬ ಮರಿಯ ಹೆಸರನ್ನೇ ಹೊತ್ತಿದ್ದ ಆ ಬುಲ್ಬಸಾರ್ ಮೊದಲು ಹೋಯಿತು. ಆ ಕಡೆಯಿಂದ ಬಂದವು ಇಲಿ, ಗುಬ್ಬಿ. ಹುಡುಗಿ ಜಾತಕ ತೆರೆದು ಅಪ್ಪನ ಏಳಕ್ಷರದ ಹೆಸರು ಕಂಡು ಕಿರುಚಿದಳು. ಕೊನೆಯ ಅಕ್ಷರ ಎಲ್ಲಿ ಎಂದು ಕೇಳಿದಳು. ಮರುಕ್ಷಣ ಅದನ್ನು ಕಾಳಗಕ್ಕೆ ಬಿಟ್ಟಳು. ಅದು ಅವಳ ಮಾತಿಗೆ ಸೊಪ್ಪು ಹಾಕದೆ ನಿದ್ದೆ ಹೋಯಿತು.

“ಪದಕ ಗೆಲ್ಲು, ಆಮೇಲೆ ಕೇಳುತ್ತದೆ,” ಎಂದ ಅಪ್ಪ.

ಗೆಳೆಯನವೆಲ್ಲ ದಾಟಿದ ಮೇಲೆ ಆತ ಕೆಂಪು ಯಂತ್ರವನ್ನು ಆರಿಸಿ ಮತ್ತೆ ಹಚ್ಚಿದ. ‘ಮುಂದುವರಿಸು’ ಇತ್ತು. ಅದರ ಕೆಳಗಿನ ಸಾಲಿಗೆ ಬಾಣವನ್ನು ಇಳಿಸಿದ.

“ಏ, ಏನು ಮಾಡ್ತಿದೀಯಾ?” ಎಂದ ಗೆಳೆಯ.

“ಇವಳಿಗೆ ಇನ್ನೆರಡು ಮರಿ ಬೇಡವೇ?” ಎಂದ ಆತ. ಒತ್ತಿದ. ಹೊಸ ಆಟ ತೆರೆದು, ಹೆಸರು ಬರೆದು, ಬುಲ್ಬಸಾರ್ ಆರಿಸಿ ಉಳಿಸಿದಾಗ ಹಳೆಯದರ ಮೇಲೆ ಹೊಸದು ಕುಳಿತಿತು. 150 ಹೋದವು, ಪ್ರಮಾಣಪತ್ರವೂ ಹೋಯಿತು. ‘ಟಿಣ್’ ಎಂಬ ಸದ್ದೇನೂ ಆಗಲಿಲ್ಲ. ಕತ್ತಲಾಗುತ್ತಿತ್ತು. ಪರದೆ ಕಾಣದೆ ಮೂವರೂ ಅಂಗಳದ ದೀಪದ ಕೆಳಗೆ ಹೋಗಿ ಕುಳಿತರು. ಬುಲ್ಬಸಾರ್ ದಾಟಿತು. ಮತ್ತೊಮ್ಮೆ ಅಳಿಸಿದ, ಚಾರ್ಮ್ಯಾಂಡರ್ ದಾಟಿತು. ಎರಡನೇ ಸಲ ಅಳಿಸುವಾಗ ಕೈ ತಡೆಯಲಿಲ್ಲ.

ರಾತ್ರಿ ಹಳಿಯಾಳಕ್ಕೆ ಮರಳಿ ಬಂದಾಗ ಹನ್ನೊಂದೂವರೆ ದಾಟಿತ್ತು. ಹೆಂಡತಿ ಎಚ್ಚರವಾಗಿಯೇ ಇದ್ದಳು.

“ಈಗ ಎಷ್ಟು?” ಎಂದು ಕೇಳಿದಳು.

ಆತ ಚೀಲದಿಂದ ಕೆಂಪು ಕ್ಯಾಸೆಟ್ಟನ್ನು ತೆಗೆದು ಮೇಜಿನ ಮೇಲಿಟ್ಟ. “ಎರಡು. ಒಂದು ಚಾರ್ಮ್ಯಾಂಡರ್ ಇತ್ತು, ಕೊಟ್ಟೆ. ಒಂದು ಇಲಿ ಬಂತು.”

“ಬರೀ ಇಲಿಯೇ?”

“ಇಲಿಯೇ.”

ಉಳಿದ ಇನ್ನೊಂದು ಬ್ಯಾಟರಿಯನ್ನು ತೆಗೆದುಕೊಂಡು ಆತ ದೀಪದ ಕೆಳಗೆ ಕುಳಿತ. ಬೆಸುಗೆ ಕಡ್ಡಿ ಕಾಯುವಷ್ಟರಲ್ಲಿ ತಿರುಪು ಬಿಚ್ಚಿ, ಹಳೆಯ ಬ್ಯಾಟರಿಯನ್ನು ಕಿತ್ತು ಪಕ್ಕಕ್ಕಿಟ್ಟ. ಹೋದದ್ದು ಒಂದು ಇಲಿ ಮಾತ್ರ.